ಜನಾಭಿಪ್ರಾಯ ರೂಪುಗೊಳ್ಳುವ ಬಗೆ: ಡ್ರೇಫಸ್ ಪ್ರಕರಣದ ಪಾಠ

“ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡು” ಎಂಬ ಗಾದೆಯನ್ನು ನಾವೆಲ್ಲರೂ ಬಲ್ಲೆವು. ಕಣ್ಣಾರೆ ಕಂಡ ಸಂಗತಿಗೇ ಇಷ್ಟು ಎಚ್ಚರಿಕೆ ಬೇಕಾದರೆ, ಬರಿಯ ಕಿವಿಯಿಂದ ಕೇಳಿದ, ಅಚ್ಚಿನಲ್ಲಿ ಓದಿದ ಸಂಗತಿಗಳಿಗೆ ಎಷ್ಟು ಎಚ್ಚರಿಕೆ ಬೇಕೆಂಬುದನ್ನು ನೀವೇ ಊಹಿಸಬಹುದು. ಆದರೆ ದಿನನಿತ್ಯದ ಬಾಳಿನಲ್ಲಿ ನಾವು ನಡೆದುಕೊಳ್ಳುವ ರೀತಿಯೇ ಬೇರೆ. ದೂರದ ಊರಿನಲ್ಲಿ ನಡೆದ ಒಂದು ಘಟನೆಯ ಸುದ್ದಿ ಮುಟ್ಟಿದ ಗಳಿಗೆಯಲ್ಲೇ ಇಂಥವರದು ತಪ್ಪು, ಇಂಥವರದು ಸರಿ ಎಂದು ನಮ್ಮ ಮನಸ್ಸು ತೀರ್ಪು ಕೊಟ್ಟುಬಿಡುತ್ತದೆ. ಸಾಕ್ಷಿಗಳನ್ನು ನಾವು ವಿಚಾರಿಸಿಲ್ಲ, ಕಾಗದಪತ್ರಗಳನ್ನು ಕಂಡಿಲ್ಲ. ಹಾಗಾದರೆ ಈ ತೀರ್ಪು ಎಲ್ಲಿಂದ ಬಂದಿತು?

ವಿಚಾರ ಮಾಡಿ ನೋಡಿದರೆ ಮುಖ್ಯವಾಗಿ ಮೂರು ಮೂಲಗಳು ಕಾಣುತ್ತವೆ. ಮೊದಲನೆಯದು ನಾವು ಹುಟ್ಟಿದ ಮತ, ಅದರೊಡನೆ ಬಂದ ಶ್ರದ್ಧೆ. ಎರಡನೆಯದು ನಾವು ಬೆಳೆದ ಮನೆ, ಕಲಿತ ಶಾಲೆ. ಮೂರನೆಯದು ನಾವು ದಿನವೂ ಓದುವ ವೃತ್ತಪತ್ರಿಕೆ, ಕೇಳುವ ವಾರ್ತೆ. ಈ ಮೂರೂ ಸೇರಿ ಒಂದು ಇಡೀ ರಾಷ್ಟ್ರದ ಬುದ್ಧಿಯನ್ನು ಹೇಗೆ ಹಿಡಿದು ನಡೆಸಬಲ್ಲವೆಂಬುದಕ್ಕೆ ಇತಿಹಾಸದಲ್ಲಿ ಒಂದು ಸ್ಪಷ್ಟ ನಿದರ್ಶನವಿದೆ. ಅದೇ ಫ್ರಾನ್ಸ್ ದೇಶದ ಡ್ರೇಫಸ್ ಪ್ರಕರಣ. ಇದು ನಡೆದದ್ದು ೧೮೯೪ರಿಂದ ೧೯೦೬ರವರೆಗೆ. ನಮ್ಮ ಕಾಲಕ್ಕೂ ನೆಲಕ್ಕೂ ದೂರವಾದುದರಿಂದ ಇದನ್ನು ನಾವು ನಮ್ಮ ಸ್ವಂತ ರಾಗದ್ವೇಷಗಳ ಅಡ್ಡಿಯಿಲ್ಲದೆ ನೋಡಬಹುದು. ನಮ್ಮ ಮನೆಯ ಜಗಳಕ್ಕಿಂತ ನೆರೆಯೂರಿನ ಜಗಳದಲ್ಲಿ ನ್ಯಾಯ ಬೇಗ ಕಾಣುತ್ತದಷ್ಟೆ.

ಮೊದಲು ಅಂದಿನ ಫ್ರಾನ್ಸಿನ ಸ್ಥಿತಿಯನ್ನು ಕೊಂಚ ತಿಳಿದುಕೊಳ್ಳಬೇಕು. ೧೮೭೦-೭೧ರ ಯುದ್ಧದಲ್ಲಿ ಫ್ರಾನ್ಸ್ ಜರ್ಮನರಿಗೆ ಸೋತು, ಆಲ್ಸೇಸ್ ಪ್ರಾಂತವನ್ನೂ ಲೊರೇನಿನ ಒಂದು ಭಾಗವನ್ನೂ ಕಳೆದುಕೊಂಡಿತ್ತು. ಆ ಗಾಯ ಇನ್ನೂ ಮಾಗಿರಲಿಲ್ಲ. ಕಳೆದ ಮಾನವನ್ನು ಮರಳಿ ತರಬೇಕಾದುದು ಸೈನ್ಯ; ಆದಕಾರಣ ಸೈನ್ಯವೆಂದರೆ ಜನಕ್ಕೆ ದೇವಸ್ಥಾನದಷ್ಟು ಪವಿತ್ರ. ಇನ್ನೊಂದು ಕಡೆ ಗಣರಾಜ್ಯಕ್ಕೂ ಕ್ಯಾಥೊಲಿಕ್ ಚರ್ಚಿಗೂ ತೀವ್ರವಾದ ತಿಕ್ಕಾಟ ನಡೆದಿತ್ತು. ೧೮೮೧-೮೨ರ ಶಾಸನಗಳು ಪ್ರಾಥಮಿಕ ಶಿಕ್ಷಣವನ್ನು ಉಚಿತವೂ ಕಡ್ಡಾಯವೂ ಆಗಿ ಮಾಡಿ, ಸರ್ಕಾರಿ ಶಾಲೆಗಳಿಂದ ಮತಬೋಧೆಯನ್ನು ತೆಗೆದುಹಾಕಿದ್ದವು. ಶ್ರದ್ಧಾವಂತ ಕುಟುಂಬಗಳು ತಮ್ಮ ಮಕ್ಕಳನ್ನು ಪಾದ್ರಿಗಳ ಶಾಲೆಗೆ ಕಳುಹಿಸುತ್ತಿದ್ದವು. ಹೀಗೆ ಒಂದೇ ಬೀದಿಯ ಎರಡು ಮನೆಗಳ ಹುಡುಗರು ಎರಡು ಬೇರೆ ಬೇರೆ ಫ್ರಾನ್ಸುಗಳ ಕಥೆಯನ್ನು ಕಲಿತು ಬೆಳೆದರು. ಒಬ್ಬನಿಗೆ ೧೭೮೯ರ ಮಹಾಕ್ರಾಂತಿ ಬೆಳಕಿನ ಉದಯ; ಇನ್ನೊಬ್ಬನಿಗೆ ಅದೇ ಕ್ರಾಂತಿ ದೇವದ್ರೋಹ.

ಈ ಎರಡು ಬಣಗಳ ನಡುವೆ ಸಿಕ್ಕಿಕೊಂಡವರು ಯೆಹೂದ್ಯರು. ಫ್ರಾನ್ಸಿನ ಸುಮಾರು ೩ ಕೋಟಿ ೮೦ ಲಕ್ಷ ಜನರಲ್ಲಿ ಅವರು ಒಂದು ಲಕ್ಷಕ್ಕೂ ಕಡಮೆ. ಅನೇಕ ಹಳ್ಳಿಗಳಲ್ಲಿ ಜನ ಒಬ್ಬ ಯೆಹೂದ್ಯನನ್ನೂ ಕಂಡವರಲ್ಲ. ಆದರೆ ಅವರ ವಿಷಯವಾಗಿ ಎಲ್ಲರಿಗೂ ಅಭಿಪ್ರಾಯವಿತ್ತು! ಯೇಸುವಿನ ಮರಣಕ್ಕೆ ಆ ಜನಾಂಗವೇ ಹೊಣೆಯೆಂಬ ಮಾತು ತಲೆತಲಾಂತರದಿಂದ ಮಕ್ಕಳ ಕಿವಿಗೆ ಬೀಳುತ್ತ ಬಂದಿತ್ತು. ಕ್ಯಾಥೊಲಿಕ್ ಚರ್ಚು ಈ ಮಾತನ್ನು ವಿಧ್ಯುಕ್ತವಾಗಿ ತಳ್ಳಿಹಾಕಿದ್ದು ಬಹಳ ತಡವಾಗಿ, ೧೯೬೫ರಲ್ಲಿ. ಇದರ ಮೇಲೆ ೧೮೮೨ರಲ್ಲಿ ಯೂನಿಯೋಂ ಜೆನೆರಾಲ್ ಎಂಬ ಕ್ಯಾಥೊಲಿಕ್ ಬ್ಯಾಂಕು ಮುಳುಗಿ ಸಣ್ಣ ಹಿಡುವಳಿದಾರರ ಹಣ ಹೋದಾಗ, ಅದಕ್ಕೂ ಯೆಹೂದ್ಯರ ಸಂಚೇ ಕಾರಣವೆಂಬ ಪುಕಾರು ಹಬ್ಬಿತು. ೧೮೮೬ರಲ್ಲಿ ಎದುವಾರ್ ಡ್ರೂಮಾಂ ಎಂಬ ಪತ್ರಿಕೋದ್ಯಮಿ, ದೇಶದ ಕಷ್ಟಗಳೆಲ್ಲಕ್ಕೂ ಯೆಹೂದ್ಯರನ್ನೇ ಹೊಣೆಮಾಡಿ ಎರಡು ಸಂಪುಟಗಳ ಗ್ರಂಥವನ್ನು ಬರೆದ. ಅದು ಲಕ್ಷಗಟ್ಟಲೆ ಮಾರಾಟವಾಯಿತು. ೧೮೯೨ರಲ್ಲಿ ಅವನೇ ‘ಲಾ ಲಿಬ್ರ್ ಪರೋಲ್’, ಅಂದರೆ ‘ಸ್ವತಂತ್ರ ವಾಣಿ’, ಎಂಬ ದಿನಪತ್ರಿಕೆಯನ್ನು ಹೊರಡಿಸಿದ. ಪಾದ್ರಿಗಳ ಒಂದು ಸಂಘ ನಡೆಸುತ್ತಿದ್ದ ‘ಲಾ ಕ್ರ್ವಾ’, ಅಂದರೆ ‘ಶಿಲುಬೆ’, ಎಂಬ ಪತ್ರಿಕೆಯು ಯೆಹೂದ್ಯರ ವಿರೋಧದಲ್ಲಿ ತನ್ನನ್ನು ಮೀರಿಸಿದವರಿಲ್ಲವೆಂದು ಹೆಮ್ಮೆಯಿಂದಲೇ ಹೇಳಿಕೊಳ್ಳುತ್ತಿತ್ತು.

ಪತ್ರಿಕೆಗಳ ಬಲವನ್ನೂ ಇಲ್ಲಿ ನೆನೆಯಬೇಕು. ೧೮೮೧ರ ಶಾಸನ ಪತ್ರಿಕೆಗಳಿಗೆ ವಿಶಾಲವಾದ ಸ್ವಾತಂತ್ರ್ಯ ಕೊಟ್ಟಿತ್ತು. ಹೊಸ ಶಾಲೆಗಳಿಂದ ಹೊಸ ಓದುಗರು ಹೊರಬಂದಿದ್ದರು. ರೈಲು ಪತ್ರಿಕೆಯನ್ನು ಊರೂರಿಗೆ ಒಯ್ಯುತ್ತಿತ್ತು. ಐದು ಸಾಂತೀಮಿಗೆ, ನಮ್ಮ ಲೆಕ್ಕದಲ್ಲಿ ಬಿಡಿಕಾಸಿಗೆ, ಒಂದು ಪತ್ರಿಕೆ ಕೈಗೆ ಸಿಕ್ಕುತ್ತಿತ್ತು. ‘ಲ ಪೆಟಿ ಜೂರ್ನಾಲ್’ ಎಂಬ ಒಂದೇ ಪತ್ರಿಕೆ ದಿನಕ್ಕೆ ಸುಮಾರು ಹತ್ತು ಲಕ್ಷ ಪ್ರತಿ ಖರ್ಚಾಗುತ್ತಿತ್ತು. ಇದು ಮುಂದೆ ಡ್ರೇಫಸನ ವಿರೋಧಿಗಳ ಪಕ್ಷವನ್ನೇ ಹಿಡಿಯಿತೆಂಬುದನ್ನು ಗಮನದಲ್ಲಿಡಿ.

ಇನ್ನು ಮುಖ್ಯ ಕಥೆಗೆ ಬರೋಣ. ಆಲ್‌ಫ್ರೆಡ್ ಡ್ರೇಫಸ್ ೧೮೫೯ರಲ್ಲಿ ಆಲ್ಸೇಸಿನ ಮ್ಯೂಲೂಸ್ ಪಟ್ಟಣದಲ್ಲಿ, ಹತ್ತಿಗಿರಣಿ ನಡೆಸುತ್ತಿದ್ದ ಯೆಹೂದ್ಯ ಮನೆತನದಲ್ಲಿ ಹುಟ್ಟಿದ. ಬಾಲ್ಯದಲ್ಲಿ ತನ್ನೂರು ಜರ್ಮನರ ಪಾಲಾದುದನ್ನು ಕಂಡ ಈ ಹುಡುಗ, ಫ್ರೆಂಚ್ ಸೈನಿಕನಾಗಬೇಕೆಂದು ನಿಶ್ಚಯಿಸಿದ. ಫಿರಂಗಿ ದಳದಲ್ಲಿ ಕ್ಯಾಪ್ಟನ್ ಆದ. ಪ್ರಧಾನ ಸೇನಾ ಕಚೇರಿಯಲ್ಲಿ ತರಬೇತಿಗೆಂದು ಸೇರಿದ. ಮನೆಯಲ್ಲಿ ಹಣಕಾಸಿಗೆ ಕೊರತೆಯಿರಲಿಲ್ಲ. ಹೆಂಡತಿ, ಇಬ್ಬರು ಎಳೆಯ ಮಕ್ಕಳು. ಸ್ವಭಾವ ಮಾತ್ರ ಬಿಗುಮಾನದ್ದು, ಎಲ್ಲರೊಡನೆ ಬೆರೆಯುವವನಲ್ಲ.

೧೮೯೪ರ ಸೆಪ್ಟೆಂಬರಿನಲ್ಲಿ ಪ್ಯಾರಿಸಿನ ಜರ್ಮನ್ ರಾಯಭಾರ ಕಚೇರಿಯ ಸೇನಾ ಪ್ರತಿನಿಧಿ ಶ್ವಾರ್ಟ್ಸ್‌ಕೋಪೆನ್ ಎಂಬುವನ ಕಸದ ಬುಟ್ಟಿಯಿಂದ ಒಂದು ಹರಿದ ಕಾಗದ ಫ್ರೆಂಚ್ ಗೂಢಚಾರ ಇಲಾಖೆಗೆ ಬಂದು ಸೇರಿತು. ಕಸ ಗುಡಿಸುವ ಹೆಂಗಸೇ ಆ ಇಲಾಖೆಯ ಗುಪ್ತ ನೌಕರಳು. ಸೇನಾರಹಸ್ಯಗಳನ್ನು ಮಾರುವವನೊಬ್ಬ ಬರೆದ ಪಟ್ಟಿ ಅದು, ಸಹಿಯಿಲ್ಲ. ಫಿರಂಗಿಗಳ ಮಾತು ಅದರಲ್ಲಿ ಇದ್ದುದರಿಂದ, ಬರೆದವನು ಫಿರಂಗಿ ದಳದವನೂ ಪ್ರಧಾನ ಕಚೇರಿಯ ಬಳಕೆಯುಳ್ಳವನೂ ಆಗಿರಬೇಕೆಂದು ಅಧಿಕಾರಿಗಳು ತರ್ಕಿಸಿದರು. ಹೆಸರುಗಳ ಪಟ್ಟಿಯ ಮೇಲೆ ಬೆರಳಾಡಿಸುತ್ತ ಹೋದಾಗ ಒಂದು ಹೆಸರಿನ ಬಳಿ ಬೆರಳು ನಿಂತಿತು. ಆಲ್ಸೇಸಿನವನು, ಯೆಹೂದ್ಯ, ಮನೆಯವರಿಗೆ ಜರ್ಮನರ ಕೈಯಲ್ಲಿದ್ದ ನಾಡಿನಲ್ಲಿ ಆಸ್ತಿ. ಸಂಶಯಕ್ಕೆ ಇನ್ನೇನು ಬೇಕು?

ಇಲ್ಲಿಂದ ಮುಂದೆ ನಡೆದುದನ್ನು ಸಾವಧಾನವಾಗಿ ಗಮನಿಸಿ. ಐವರು ಅಕ್ಷರತಜ್ಞರಲ್ಲಿ ಮೂವರು ಬರವಣಿಗೆ ಡ್ರೇಫಸನದೆಂದರು, ಇಬ್ಬರು ಒಪ್ಪಲಿಲ್ಲ. ಒಪ್ಪದವರ ಮಾತಿಗೆ ಬೆಲೆ ಬರಲಿಲ್ಲ. ಪ್ಯಾರಿಸ್ ಪೋಲೀಸಿನ ಪ್ರಸಿದ್ಧ ಅಧಿಕಾರಿ ಬರ್ಟಿಯೋಂ, ಅಕ್ಷರಗಳಲ್ಲಿ ಕಾಣುವ ವ್ಯತ್ಯಾಸಗಳನ್ನು ಡ್ರೇಫಸನು ಸಿಕ್ಕಿಬೀಳದಿರಲೆಂದು ಬೇಕೆಂದೇ ಮಾಡಿದ್ದಾನೆಂದು ಸಿದ್ಧಾಂತ ಹೂಡಿದ. ಅಂದರೆ ಅಕ್ಷರ ಹೋಲಿದರೂ ತಪ್ಪಿತಸ್ಥ, ಹೋಲದಿದ್ದರೂ ತಪ್ಪಿತಸ್ಥ! ಮನೆ ಶೋಧಿಸಿದಾಗ ಏನೂ ಸಿಕ್ಕಲಿಲ್ಲ. ಎಲ್ಲವನ್ನೂ ಮೊದಲೇ ಮುಚ್ಚಿಟ್ಟಿದ್ದಾನೆ ಎಂದರು. ಅವನಿಗೆ ಹಲವು ಭಾಷೆಗಳು ಬರುತ್ತಿದ್ದುದೂ ಆಪಾದನೆಯ ಪತ್ರದಲ್ಲಿ ಅವನಿಗೆ ವಿರುದ್ಧವಾದ ಸಂಗತಿಯಾಗಿ ಸೇರಿತು. ಕಾಮಾಲೆ ಕಣ್ಣಿಗೆ ಲೋಕವೆಲ್ಲ ಹಳದಿ ಎಂಬ ಮಾತು ಇಂಥ ಕಡೆ ಅರ್ಥವಾಗುತ್ತದೆ. ಈ ಅಧಿಕಾರಿಗಳೆಲ್ಲರೂ ದುಷ್ಟರೆಂದು ತಿಳಿಯಬೇಡಿ. ಅವರಲ್ಲಿ ಅನೇಕರು ತಾವು ದೇಶಸೇವೆ ಮಾಡುತ್ತಿದ್ದೇವೆಂದೇ ನಂಬಿದ್ದರು. ಉತ್ತರ ಮೊದಲೇ ಮನಸ್ಸಿನಲ್ಲಿತ್ತು. ಲೆಕ್ಕವನ್ನು ಅದಕ್ಕೆ ಹೊಂದಿಸುತ್ತಿದ್ದರು.

ಅಕ್ಟೋಬರ್ ೧೫ರಂದು ಡ್ರೇಫಸನ ಬಂಧನವಾಯಿತು. ಸುದ್ದಿ ಸೋರಿತು. ನವೆಂಬರ್ ೧ರಂದು ಡ್ರೂಮಾಂನ ಪತ್ರಿಕೆ ಯೆಹೂದ್ಯ ಅಧಿಕಾರಿಯೊಬ್ಬನ ದೇಶದ್ರೋಹವೆಂದು ದಪ್ಪ ಅಕ್ಷರಗಳಲ್ಲಿ ಸಾರಿತು. ಇನ್ನು ಯುದ್ಧಮಂತ್ರಿ ಜನರಲ್ ಮರ್ಸಿಯೆಗೆ ಹಿಂಜರಿಯುವ ದಾರಿ ಇರಲಿಲ್ಲ. ಹಿಂಜರಿದರೆ ಯೆಹೂದ್ಯರ ಹಣ ತಿಂದವನೆಂದು ಮರುದಿನವೇ ಅಚ್ಚಾಗುತ್ತಿತ್ತು. ವಿಚಾರಣೆ ಆರಂಭವಾಗುವುದಕ್ಕೆ ಮುಂಚೆಯೇ, ನವೆಂಬರ್ ೨೮ರಂದು, ಆಪಾದಿತನ ಅಪರಾಧ ನಿಶ್ಚಿತವೆಂದು ಈ ಮಂತ್ರಿಯ ಮಾತು ಪತ್ರಿಕೆಯೊಂದರಲ್ಲಿ ಪ್ರಕಟವಾಯಿತು. ಮಂತ್ರಿಯೇ ಹೀಗೆ ಹೇಳಿದ ಮೇಲೆ, ಅವನ ಕೈಕೆಳಗಿನ ಏಳು ಮಂದಿ ಸೇನಾಧಿಕಾರಿಗಳು ನ್ಯಾಯಪೀಠದಲ್ಲಿ ಕುಳಿತು ಬೇರೆ ಹೇಳುವುದು ಸುಲಭವೇ? ಡಿಸೆಂಬರಿನಲ್ಲಿ ಬಾಗಿಲು ಮುಚ್ಚಿ ವಿಚಾರಣೆ ನಡೆಯಿತು. ಆಪಾದಿತನಿಗೂ ಅವನ ವಕೀಲನಿಗೂ ತಿಳಿಯದಂತೆ ನ್ಯಾಯಾಧೀಶರ ಕೈಗೆ ಒಂದು ಗುಪ್ತ ಕಡತವನ್ನು ಕೊಡಲಾಯಿತು. ಎಲ್ಲರೂ ಒಮ್ಮತದಿಂದ ಅಪರಾಧಿಯೆಂದರು. ಶಿಕ್ಷೆ, ಆಜೀವ ದ್ವೀಪಾಂತರ.

೧೮೯೫ರ ಜನವರಿ ೫ರಂದು ಪ್ಯಾರಿಸಿನ ಸೈನಿಕ ಶಾಲೆಯ ಅಂಗಳದಲ್ಲಿ ಅವನ ಸಮವಸ್ತ್ರದ ಗುಂಡಿಗಳನ್ನೂ ಪಟ್ಟಿಗಳನ್ನೂ ಕಿತ್ತು, ಕತ್ತಿಯನ್ನು ಮುರಿದರು. ತಾನು ನಿರಪರಾಧಿಯೆಂದು ಅವನು ಕೂಗುತ್ತಿದ್ದರೆ, ಕಂಬಿಗಳಾಚೆ ಜನ ಅವನಿಗೆ ಸಾವನ್ನು ಬೇಡುತ್ತಿದ್ದರು. ಆ ಕೂಗು ಎಲ್ಲರಿಗೂ ಕೇಳಿಸಿತು. ಆದರೆ ಅಂದು ಅದನ್ನು ಕೇಳಿದವರಲ್ಲಿ ಬಹುಪಾಲು ಜನ, ಎಂಥ ನಿರ್ಲಜ್ಜ ದ್ರೋಹಿ ಎಂದುಕೊಂಡರೇ ಹೊರತು, ನಿಜವಿರಬಹುದೇ ಎಂದು ಯೋಚಿಸಲಿಲ್ಲ. ಪಕ್ಷಭೇದವೂ ಅಲ್ಲಿ ಇರಲಿಲ್ಲ. ಮುಂದೆ ಡ್ರೇಫಸನಿಗಾಗಿ ಹೋರಾಡಿದ ಕ್ಲೆಮೆನ್ಸೋ ಮತ್ತು ಸಮಾಜವಾದಿ ನಾಯಕ ಜೋರೆಸ್ ಇಬ್ಬರೂ ಆಗ ಶಿಕ್ಷೆ ಸಾಲದೆಂದೇ ಗೊಣಗಿದ್ದರು. ಎಲ್ಲರೂ ಓದಿದ್ದು ಒಂದೇ ಸುದ್ದಿಯನ್ನು.

ದಕ್ಷಿಣ ಅಮೆರಿಕದ ಕರಾವಳಿಯಲ್ಲಿ ಫ್ರೆಂಚ್ ಗಯಾನಕ್ಕೆ ಸೇರಿದ ‘ದೆವ್ವದ ದ್ವೀಪ’ ಎಂಬ ಬಂಡೆಯ ನಡುಗಡ್ಡೆಯಲ್ಲಿ ಅವನನ್ನು ಇಟ್ಟರು. ಕಾವಲುಗಾರರು ಅವನೊಡನೆ ಮಾತನಾಡಕೂಡದು. ೧೮೯೬ರಲ್ಲಿ, ಜನ ತನ್ನ ತಮ್ಮನನ್ನು ಮರೆತುಬಿಡುತ್ತಾರೆಂಬ ಭಯದಿಂದ ಅಣ್ಣ ಮಾತ್ಯೂ, ಡ್ರೇಫಸ್ ತಪ್ಪಿಸಿಕೊಂಡನೆಂಬ ಸುಳ್ಳು ಸುದ್ದಿಯನ್ನು ಒಂದು ಇಂಗ್ಲಿಷ್ ಪತ್ರಿಕೆಯಲ್ಲಿ ಬರುವಂತೆ ಮಾಡಿದ. ಜನರೇನೋ ನೆನಪಿಸಿಕೊಂಡರು, ಆದರೆ ಅದರ ಫಲವಾಗಿ ಡ್ರೇಫಸನನ್ನು ವಾರಗಟ್ಟಲೆ ರಾತ್ರಿಯೆಲ್ಲ ಮಂಚಕ್ಕೆ ಕಬ್ಬಿಣದ ಬೇಡಿಗಳಿಂದ ಬಿಗಿದರು. ಒಳ್ಳೆಯ ಉದ್ದೇಶದಿಂದ ಹೇಳಿದ ಸುಳ್ಳೂ ಯಾರದೋ ಕಾಲಿಗೆ ಬೇಡಿಯಾದೀತೆಂಬುದನ್ನು ಮರೆಯಬಾರದು. ಇಷ್ಟಾದರೂ ಡ್ರೇಫಸನಿಗೆ ಸೈನ್ಯದಲ್ಲಿದ್ದ ನಂಬಿಕೆ ಅಲುಗಲಿಲ್ಲ. ದಂಡನಾಯಕ ಬ್ವಾಡೆಫ್ರ್ ತನ್ನ ಪರವಾಗಿ ಸತ್ಯವನ್ನು ಹುಡುಕಿಸುವನೆಂದು ಅವನಿಗೇ ಮತ್ತೆ ಮತ್ತೆ ಬರೆಯುತ್ತಿದ್ದ. ಸತ್ಯವನ್ನು ಅದುಮುತ್ತಿದ್ದವರಲ್ಲಿ ಆ ದಂಡನಾಯಕನೂ ಒಬ್ಬನೆಂದು ಬಡಪಾಯಿಗೆ ತಿಳಿಯದು. ಎಳೆತನದಲ್ಲಿ ಬಿದ್ದ ಸಂಸ್ಕಾರದ ಬಲ ಅಂಥದು. ಅದು ತುಳಿಯುವವನನ್ನು ಹಿಡಿದಂತೆ ತುಳಿಸಿಕೊಂಡವನನ್ನೂ ಹಿಡಿದಿರುತ್ತದೆ.

ಹಾಗಾದರೆ ಸಂಸ್ಕಾರವನ್ನು ಮೀರಲು ಸಾಧ್ಯವೇ ಇಲ್ಲವೇ? ಈ ಪ್ರಶ್ನೆಗೆ ಉತ್ತರ ಕರ್ನಲ್ ಜಾರ್ಜ್ ಪಿಕಾರನ ಬಾಳಿನಲ್ಲಿದೆ. ಅವನೂ ಆಲ್ಸೇಸಿನವನೇ, ಕ್ಯಾಥೊಲಿಕ್ ಮನೆತನ, ಯೆಹೂದ್ಯರ ವಿಷಯದಲ್ಲಿ ಅವನ ಸುತ್ತಿನವರಿಗಿದ್ದ ತಾತ್ಸಾರವೇ ಅವನಿಗೂ ಇತ್ತು. ಡ್ರೇಫಸನಿಗೆ ಪಾಠ ಹೇಳಿದ್ದ, ಅವನನ್ನು ಮೆಚ್ಚಿದವನಲ್ಲ, ಅವನು ಅಪರಾಧಿಯೆಂದೇ ನಂಬಿದ್ದ. ೧೮೯೫ರಲ್ಲಿ ಪಿಕಾರ್ ಗೂಢಚಾರ ಇಲಾಖೆಯ ಮುಖ್ಯಸ್ಥನಾದ. ಮರುವರ್ಷ ಅದೇ ಕಸದ ಬುಟ್ಟಿಯಿಂದ ಇನ್ನೊಂದು ಹರಿದ ಕಾಗದ ಬಂದಿತು. ಅದರ ಮೇಲಿದ್ದ ವಿಳಾಸ ಮೇಜರ್ ಎಸ್ಟರ್‌ಹಾಜಿ ಎಂಬ ಫ್ರೆಂಚ್ ಅಧಿಕಾರಿಯದು. ಸಾಲದಲ್ಲಿ ಮುಳುಗಿದ, ನಡತೆಗೆಟ್ಟ ಮನುಷ್ಯ. ಅವನು ನೌಕರಿಗಾಗಿ ಬರೆದ ಪತ್ರಗಳು ಪಿಕಾರನ ಕೈಸೇರಿದಾಗ, ಆ ಅಕ್ಷರಗಳನ್ನು ಎಲ್ಲೋ ಕಂಡಂತಾಯಿತು. ೧೮೯೪ರ ಪಟ್ಟಿಯ ಪಕ್ಕದಲ್ಲಿ ಇಟ್ಟು ನೋಡಿದ. ಎರಡೂ ಒಂದೇ ಕೈಯ ಬರಹ. ಗುಪ್ತ ಕಡತವನ್ನು ತರಿಸಿ ಬಿಚ್ಚಿ ನೋಡಿದ. ಡ್ರೇಫಸನಿಗೆ ವಿರುದ್ಧವಾಗಿ ನಿಲ್ಲುವಂಥದು ಅದರಲ್ಲಿ ಒಂದೂ ಇರಲಿಲ್ಲ.

ವಾಚಕರೇ, ಈ ಗಳಿಗೆಯಲ್ಲಿ ಪಿಕಾರನಿಗೆ ಡ್ರೇಫಸನ ಮೇಲೆ ಪ್ರೀತಿ ಹುಟ್ಟಿತೆಂದಾಗಲಿ, ಯೆಹೂದ್ಯರ ವಿಷಯದಲ್ಲಿ ಮನಸ್ಸು ತಿಳಿಯಾಯಿತೆಂದಾಗಲಿ ಭಾವಿಸಬೇಕಾಗಿಲ್ಲ. ಅವನು ಮಾಡಿದ್ದು ಇಷ್ಟೇ: ಕಣ್ಣೆದುರಿನ ಎರಡು ಕಾಗದಗಳಿಗೆ ತನ್ನ ಇಷ್ಟಾನಿಷ್ಟಗಳಿಗಿಂತ ಹೆಚ್ಚಿನ ಬೆಲೆ ಕೊಟ್ಟ. ಮೇಲಧಿಕಾರಿಗಳಿಗೆ ತಿಳಿಸಿದ. ಸುಮ್ಮನಿದ್ದರೆ ಯಾರಿಗೂ ತಿಳಿಯುವುದಿಲ್ಲವಲ್ಲ ಎಂದು ಅವರು ಸೂಚಿಸಿದಾಗ, ಈ ಗುಟ್ಟನ್ನು ಗೋರಿಗೆ ಒಯ್ಯಲಾರೆನೆಂದು ಉತ್ತರಕೊಟ್ಟುದಾಗಿ ಅವನೇ ಮುಂದೆ ಹೇಳಿದ್ದಾನೆ. ಇದಕ್ಕಾಗಿ ಅವನನ್ನು ಟ್ಯುನೀಷಿಯಕ್ಕೆ ಅಟ್ಟಿದರು. ಆಮೇಲೆ ಸೈನ್ಯದಿಂದ ತೆಗೆದರು. ೧೮೯೮-೯೯ರಲ್ಲಿ ಸುಮಾರು ಹನ್ನೊಂದು ತಿಂಗಳು ಸೆರೆಯಲ್ಲಿಟ್ಟರು. ಅತ್ತ ಅವನ ಕೈಕೆಳಗಿದ್ದ ಮೇಜರ್ ಹೆನ್ರಿ, ಹಳೆಯ ತೀರ್ಪನ್ನು ಉಳಿಸಿಕೊಳ್ಳಲು ಡ್ರೇಫಸನ ಹೆಸರಿರುವ ಒಂದು ಪತ್ರವನ್ನೇ ಸೃಷ್ಟಿಸಿದ.

ಸತ್ಯ ಹೊರಬಂದ ದಾರಿಯೂ ವಿಚಿತ್ರವಾದುದು. ಡ್ರೇಫಸನ ಅಪರಾಧವನ್ನು ಜಗಜ್ಜಾಹೀರು ಮಾಡಬೇಕೆಂದು ೧೮೯೬ರ ಸೆಪ್ಟೆಂಬರಿನಲ್ಲಿ ‘ಲೆಕ್ಲೇರ್’ ಎಂಬ ಪತ್ರಿಕೆ ಗುಪ್ತ ಕಡತದ ವಿಷಯವನ್ನು ಪ್ರಕಟಿಸಿತು. ಒಂದು ಪತ್ರದಲ್ಲಿ ‘ಡಿ’ ಎಂಬ ಒಂದೇ ಅಕ್ಷರವಿದ್ದ ಕಡೆ ಡ್ರೇಫಸನ ಪೂರ್ತಿ ಹೆಸರಿದೆಯೆಂದು ಅಚ್ಚುಮಾಡಿತು. ಆದರೆ ಇದರಿಂದಲೇ ಆಪಾದಿತನಿಗೆ ತೋರಿಸದೆ ನ್ಯಾಯಾಧೀಶರಿಗೆ ಕಾಗದ ಕೊಟ್ಟ ಅಕ್ರಮ ಬಯಲಾಯಿತು. ನವೆಂಬರಿನಲ್ಲಿ ‘ಲ ಮಾತೆಂ’ ಎಂಬ ಪತ್ರಿಕೆ ೧೮೯೪ರ ಪಟ್ಟಿಯ ಪಡಿಯಚ್ಚನ್ನೇ ಪ್ರಕಟಿಸಿತು. ಆ ಅಕ್ಷರಗಳು ಬೀದಿಗೆ ಬಂದವು. ಒಂದು ವರ್ಷದ ಮೇಲೆ, ಎಸ್ಟರ್‌ಹಾಜಿಯೊಡನೆ ವ್ಯವಹಾರವಿದ್ದ ಒಬ್ಬ ಲೇವಾದೇವಿಗಾರ ಅವುಗಳ ಗುರುತು ಹಿಡಿದ. ಹೀಗೆ ಪಕ್ಷಪಾತದ ಪತ್ರಿಕೆಗಳೂ ತಮಗರಿವಿಲ್ಲದೆ ಸತ್ಯಕ್ಕೆ ಬಾಗಿಲು ತೆರೆದವು. ಅಚ್ಚಾದುದನ್ನು ಎಚ್ಚರದಿಂದ ಓದುವವನೊಬ್ಬನಿರಬೇಕು, ಅಷ್ಟೆ.

ಆದರೂ ೧೮೯೮ರ ಜನವರಿ ೧೧ರಂದು ಸೇನಾನ್ಯಾಯಾಲಯ ಎಸ್ಟರ್‌ಹಾಜಿಯನ್ನು ನಿರ್ದೋಷಿಯೆಂದು ಬಿಟ್ಟಿತು. ಎರಡು ದಿನಗಳ ಮೇಲೆ, ಜನವರಿ ೧೩ರಂದು, ಕಾದಂಬರಿಕಾರ ಎಮಿಲಿ ಜೋಲಾ ರಾಷ್ಟ್ರಾಧ್ಯಕ್ಷನಿಗೆ ಬರೆದ ಬಹಿರಂಗ ಪತ್ರ ‘ಲೋರೋರ್’ ಪತ್ರಿಕೆಯ ಮುಖಪುಟದಲ್ಲಿ ಬಂದಿತು. ಮಂತ್ರಿಯನ್ನೂ ದಂಡನಾಯಕರನ್ನೂ ಹೆಸರು ಹಿಡಿದು ಆಪಾದಿಸಿದ ಆ ಪತ್ರಿಕೆಯ ಸುಮಾರು ಮೂರು ಲಕ್ಷ ಪ್ರತಿಗಳು ಅಂದು ಹೊರಬಿದ್ದವು. ಜೋಲಾ ಇದಕ್ಕೆ ಮೊದಲು ‘ಫಿಗಾರೋ’ದಲ್ಲಿ ಬರೆಯುತ್ತಿದ್ದ, ಚಂದಾದಾರರು ಸಿಟ್ಟಾದರೆಂದು ಆ ಪತ್ರಿಕೆ ೧೮೯೭ರ ಡಿಸೆಂಬರಿನಲ್ಲಿ ಹಿಂದೆಗೆಯಿತು. ಪತ್ರಿಕೆ ಓದುಗನನ್ನು ರೂಪಿಸುತ್ತದೆ ಎನ್ನುತ್ತೇವೆ. ಓದುಗನೂ ಪತ್ರಿಕೆಯನ್ನು ರೂಪಿಸುತ್ತಾನೆ. ತನಗೆ ಹಿತವಾದುದನ್ನು ಮಾತ್ರ ಕೊಂಡು ಓದುವವನ ಮನೆಗೆ ಹಿತವಾದ ಸುದ್ದಿಯೇ ಬರುತ್ತದೆ.

ಜೋಲಾನಿಗೆ ಒಂದು ವರ್ಷದ ಸೆರೆಮನೆ ಶಿಕ್ಷೆಯಾಯಿತು; ಅವನು ಇಂಗ್ಲೆಂಡಿಗೆ ತಪ್ಪಿಸಿಕೊಂಡು ಹೋದ. ಅನೇಕ ಊರುಗಳಲ್ಲಿ ಯೆಹೂದ್ಯರ ಅಂಗಡಿಗಳ ಮೇಲೆ ಕಲ್ಲು ಬಿದ್ದವು. ಆಲ್ಜಿಯರ್ಸ್ ನಗರದಲ್ಲಿ ಲೂಟಿಯೂ ಕೊಲೆಯೂ ನಡೆದವು. ಮನೆಮನೆಯೊಳಗೂ ಬಿರುಕು ಬಿಟ್ಟಿತು. ಆ ಫೆಬ್ರವರಿಯಲ್ಲಿ ‘ಫಿಗಾರೋ’ದಲ್ಲಿ ಬಂದ ಒಂದು ವ್ಯಂಗ್ಯಚಿತ್ರ ಇಂದಿಗೂ ಪ್ರಸಿದ್ಧ. ಮೊದಲ ಚಿತ್ರದಲ್ಲಿ ಒಂದು ಕುಟುಂಬ ಊಟಕ್ಕೆ ಕುಳಿತಿದೆ; ಆ ಪ್ರಕರಣದ ಮಾತು ಮಾತ್ರ ಬೇಡವೆಂದು ಯಜಮಾನ ಎಚ್ಚರಿಸುತ್ತಿದ್ದಾನೆ. ಎರಡನೆಯ ಚಿತ್ರದಲ್ಲಿ ಮೇಜು ಮಗುಚಿದೆ, ಎಲ್ಲರೂ ಜುಟ್ಟು ಹಿಡಿದು ಬಡಿದಾಡುತ್ತಿದ್ದಾರೆ. ಆ ಮಾತು ಬಂದಿತೆಂದು ಕೆಳಗೆ ಬರೆದಿದೆ. ಚಿತ್ರಕಾರ ದೇಗಾ, ತಾನು ಮನೆಯವನಂತೆ ಹೋಗಿಬರುತ್ತಿದ್ದ ಆಲೆವಿ ಕುಟುಂಬದ ಗೆಳೆತನವನ್ನು ಈ ಕಾರಣದಿಂದ ಕಡಿದುಕೊಂಡ. ದಶಕಗಳ ಸ್ನೇಹ; ಒಂದು ಮೊಕದ್ದಮೆಗೆ ಬಲಿ.

ಅದೇ ಜುಲೈ ೭ರಂದು ಹೊಸ ಯುದ್ಧಮಂತ್ರಿ ಕಾವೆನ್ಯಾಕ್, ಹೆನ್ರಿ ಸೃಷ್ಟಿಸಿದ ಪತ್ರವನ್ನು ಅಸಲೆಂದೇ ನಂಬಿ ಸಂಸತ್ತಿನಲ್ಲಿ ಓದಿದ. ಆ ಭಾಷಣವನ್ನು ದೇಶದ ಸುಮಾರು ೩೬,೦೦೦ ಊರುಗಳಲ್ಲಿಯೂ ಗೋಡೆಗೆ ಅಂಟಿಸಬೇಕೆಂದು ಸಭೆ ನಿರ್ಣಯಿಸಿತು. ತಿಂಗಳೊಂದು ಕಳೆಯಿತು. ಆಗಸ್ಟ್ ೧೩ರ ರಾತ್ರಿ ಮಂತ್ರಿಯ ಕಚೇರಿಯ ಕ್ಯಾಪ್ಟನ್ ಕ್ಯುನ್ಯೇ ಆ ಪತ್ರವನ್ನು ದೀಪದ ಬೆಳಕಿಗೆ ಹಿಡಿದು ನೋಡಿದ. ಕಾಗದದ ಮೇಲಿನ ಗೆರೆಗಳ ಬಣ್ಣ ಒಂದು ತುಂಡಿನಲ್ಲಿ ಒಂದು ಬಗೆ, ಇನ್ನೊಂದರಲ್ಲಿ ಇನ್ನೊಂದು ಬಗೆ. ಎರಡು ಬೇರೆ ಕಾಗದಗಳ ತುಂಡುಗಳನ್ನು ಸೇರಿಸಿ ಅಂಟಿಸಿದ್ದರು. ಆಗಸ್ಟ್ ೩೦ರಂದು ಹೆನ್ರಿ ತಪ್ಪೊಪ್ಪಿಕೊಂಡ. ಮರುದಿನ ಸೆರೆಕೋಣೆಯಲ್ಲಿ ಕತ್ತು ಕೊಯ್ದುಕೊಂಡು ಸತ್ತುಬಿದ್ದಿದ್ದ.

ಇಷ್ಟಾದ ಮೇಲೆ ಎಲ್ಲರೂ ಕಣ್ತೆರೆದರೆಂದು ನೀವು ಭಾವಿಸಬಹುದು. ಹಾಗಾಗಲಿಲ್ಲ. ಖೋಟಾ ಪತ್ರವನ್ನು ಹಿಡಿದ ಕ್ಯುನ್ಯೇ, ಹೆನ್ರಿಯ ಬಾಯಿಂದ ತಪ್ಪೊಪ್ಪಿಗೆ ಹೊರಡಿಸಿದ ಮಂತ್ರಿ ಕಾವೆನ್ಯಾಕ್, ಇಬ್ಬರೂ ಡ್ರೇಫಸ್ ಅಪರಾಧಿಯೆಂಬ ನಂಬಿಕೆಯನ್ನು ಬಿಡಲಿಲ್ಲ. ಆದರೂ ಅವರಿಗೆ ಸಲ್ಲಬೇಕಾದ ಮನ್ನಣೆಯನ್ನು ಸಲ್ಲಿಸೋಣ: ಕಂಡುದನ್ನು ಮುಚ್ಚಿಡಲಿಲ್ಲ. ಚಾರ್ಲ್ಸ್ ಮೊರಾಸ್ ಎಂಬ ತರುಣ ಬರಹಗಾರ, ರಾಷ್ಟ್ರದ ಹಿತಕ್ಕಾಗಿ ಖೋಟಾ ಬರೆದ ಹೆನ್ರಿ ವೀರನೆಂದು ಹೊಗಳಿದ. ಡ್ರೂಮಾಂನ ಪತ್ರಿಕೆ ಹೆನ್ರಿಯ ವಿಧವೆಗಾಗಿ ಚಂದಾ ಎತ್ತಿದಾಗ ಸುಮಾರು ೨೫,೦೦೦ ಮಂದಿ ಕೂಡಿ ೧,೩೧,೦೦೦ ಫ್ರಾಂಕುಗಳನ್ನು ಕೊಟ್ಟರು. ಅಧಿಕಾರಿಗಳು, ಪಾದ್ರಿಗಳು, ಕೂಲಿಗಾರರು, ವಿದ್ಯಾರ್ಥಿಗಳು, ಎಲ್ಲ ಬಗೆಯವರೂ ಆ ಪಟ್ಟಿಯಲ್ಲಿದ್ದರು. ಹಣದ ಜೊತೆಗೆ ಯೆಹೂದ್ಯರನ್ನು ಕುರಿತು ಬರೆದ ಬೈಗಳನ್ನು ಓದಿದರೆ ಮೈ ಜುಮ್ಮೆನ್ನುತ್ತದೆ. ಆಧಾರ ಕುಸಿದರೂ ನಂಬಿಕೆ ನಿಂತೇ ಇತ್ತು. ಏಕೆಂದರೆ ಅದು ನಿಂತಿದ್ದುದು ಆ ಆಧಾರದ ಮೇಲಲ್ಲ. ಮನೆಯಲ್ಲಿ, ಮತದಲ್ಲಿ, ದಿನದಿನದ ಓದಿನಲ್ಲಿ ಅದರ ಬೇರು ಇಳಿದಿತ್ತು.

ಮುಂದಿನದನ್ನು ಸಂಕ್ಷೇಪವಾಗಿ ಹೇಳಬಹುದು. ೧೮೯೯ರಲ್ಲಿ ಶ್ರೇಷ್ಠ ನ್ಯಾಯಾಲಯ ಹಳೆಯ ತೀರ್ಪನ್ನು ರದ್ದುಮಾಡಿತು. ರೆನ್ ಪಟ್ಟಣದಲ್ಲಿ ನಡೆದ ಎರಡನೆಯ ಸೇನಾನ್ಯಾಯಾಲಯ, ೫ ಮತಗಳಿಗೆ ೨ರಂತೆ ಮತ್ತೆ ಅಪರಾಧಿಯೆಂದಿತು. ಆದರೆ ಶಿಕ್ಷೆಯನ್ನು ತಗ್ಗಿಸುವ ಕಾರಣಗಳಿವೆಯೆಂದು ಹತ್ತು ವರ್ಷಕ್ಕೆ ಇಳಿಸಿತು. ದೇಶದ್ರೋಹಕ್ಕೆ ರಿಯಾಯಿತಿ! ಹತ್ತು ದಿನಗಳಲ್ಲೇ ರಾಷ್ಟ್ರಾಧ್ಯಕ್ಷ ಲೂಬೆ ಕ್ಷಮಾದಾನ ಕೊಟ್ಟ. ೧೯೦೬ರ ಜುಲೈ ೧೨ರಂದು ಶ್ರೇಷ್ಠ ನ್ಯಾಯಾಲಯ ಅವನನ್ನು ಪೂರ್ಣ ನಿರ್ದೋಷಿಯೆಂದು ಸಾರಿತು. ಡ್ರೇಫಸ್ ಮೇಜರ್ ಆಗಿ ಸೈನ್ಯಕ್ಕೆ ಮರಳಿದ. ಪಿಕಾರ್ ಅದೇ ವರ್ಷ ಯುದ್ಧಮಂತ್ರಿಯಾದ. ೧೯೩೦ರಲ್ಲಿ ಶ್ವಾರ್ಟ್ಸ್‌ಕೋಪೆನ್ನನ ಟಿಪ್ಪಣಿಗಳು ಪ್ರಕಟವಾಗಿ, ರಹಸ್ಯ ಮಾರಿದವನು ಎಸ್ಟರ್‌ಹಾಜಿಯೇ ಎಂಬುದು ಜರ್ಮನ್ ಕಡೆಯಿಂದಲೂ ಖಚಿತವಾಯಿತು. ಡ್ರೇಫಸ್ ೧೯೩೫ರಲ್ಲಿ ತೀರಿಕೊಂಡ. ಅವನ ಮೊಮ್ಮಗಳು ಮಾದಲೇನ್ ಎರಡನೆಯ ಮಹಾಯುದ್ಧದಲ್ಲಿ ಆಷ್ವಿಟ್ಸ್ ಶಿಬಿರದಲ್ಲಿ ಮಡಿದಳು. ದ್ವೇಷದ ಮಾತು ಪತ್ರಿಕೆಯ ಹಾಳೆಯಲ್ಲೇ ಉಳಿಯುವುದಿಲ್ಲ.

ಈ ಕಥೆಯಿಂದ, ಮತಶ್ರದ್ಧೆಯುಳ್ಳವರೆಲ್ಲ ಕುರುಡರು, ಇಲ್ಲದವರೆಲ್ಲ ವಿವೇಕಿಗಳು ಎಂಬ ತೀರ್ಮಾನಕ್ಕೆ ಬಂದರೆ ನಾವೂ ಅದೇ ಹಳ್ಳಕ್ಕೆ ಬಿದ್ದಂತೆ. ೧೮೯೪ರಿಂದ ಕೊನೆಯವರೆಗೂ ಡ್ರೇಫಸನ ಪರ ನಿಂತ ವಕೀಲ ದೆಮಾಂಜ್ ನಿಷ್ಠಾವಂತ ಕ್ಯಾಥೊಲಿಕ್; ಇದರಿಂದ ತನ್ನ ವೃತ್ತಿಗೆ ಹಾನಿಯೆಂದು ತಿಳಿದೂ ಅವನು ಮೊಕದ್ದಮೆಯನ್ನು ಕೈಗೆತ್ತಿಕೊಂಡಿದ್ದ. ಇತಿಹಾಸಕಾರ ಪಾಲ್ ವಿಯೊಲೆ, ನ್ಯಾಯದ ರಕ್ಷಣೆ ಕ್ರೈಸ್ತನ ಧರ್ಮವೆಂದು ಹೇಳಿ ಕ್ಯಾಥೊಲಿಕರದೇ ಒಂದು ಸಮಿತಿಯನ್ನು ಕಟ್ಟಿದ. ಇನ್ನೊಂದು ಕಡೆ, ಗೆದ್ದ ಪಕ್ಷದವರು ಮಾಡಿದ್ದೇನು? ೧೯೦೪ರಲ್ಲಿ ಒಂದು ಗುಟ್ಟು ಬಯಲಾಯಿತು. ಯಾವ ಸೇನಾಧಿಕಾರಿ ಚರ್ಚಿಗೆ ಹೋಗುತ್ತಾನೆ, ಯಾರ ಮಕ್ಕಳು ಪಾದ್ರಿಗಳ ಶಾಲೆಯಲ್ಲಿ ಓದುತ್ತಾರೆ ಎಂದು ಯುದ್ಧಮಂತ್ರಿಯ ಕಚೇರಿ ಗುಪ್ತವಾಗಿ ಚೀಟಿಗಳನ್ನು ಕೂಡಿಹಾಕಿ, ಅದರಂತೆ ಬಡತಿ ಕೊಡುತ್ತಿತ್ತು. ಹುಟ್ಟಿದ ಮತಕ್ಕಾಗಿ ಒಬ್ಬನನ್ನು ಶಂಕಿಸಿದ್ದನ್ನು ಖಂಡಿಸಿದವರೇ, ಅಧಿಕಾರ ಬಂದಾಗ ಇನ್ನೊಬ್ಬರ ಮತವನ್ನು ಶಂಕಿಸತೊಡಗಿದರು. ಮಂತ್ರಿ ರಾಜೀನಾಮೆ ಕೊಡಬೇಕಾಯಿತು. ಪಕ್ಷಪಾತ ಒಂದು ಪಕ್ಷದ ಸ್ವತ್ತಲ್ಲ.

ಬದಲಾಗಲು ತಡವೆಂಬುದೂ ಇಲ್ಲ. ‘ಲಾ ಕ್ರ್ವಾ’ ಪತ್ರಿಕೆ ಇಂದಿಗೂ ನಡೆದಿದೆ. ೧೯೯೮ರಲ್ಲಿ, ನೂರು ವರ್ಷಗಳ ಹಿಂದೆ ತಾನು ಅಚ್ಚುಮಾಡಿದ ಬರಹಗಳಿಗಾಗಿ ಅದು ಬಹಿರಂಗವಾಗಿ ಪಶ್ಚಾತ್ತಾಪ ವ್ಯಕ್ತಪಡಿಸಿತು. ೨೦೨೫ರ ಜೂನಿನಲ್ಲಿ ಫ್ರೆಂಚ್ ಸಂಸತ್ತಿನ ಕೆಳಮನೆ, ಡ್ರೇಫಸನಿಗೆ ಮರಣೋತ್ತರವಾಗಿ ಬ್ರಿಗೇಡಿಯರ್ ಜನರಲ್ ಪದವಿಯನ್ನು ಕೊಡುವ ಮಸೂದೆಯನ್ನು ಅವಿರೋಧವಾಗಿ ಅಂಗೀಕರಿಸಿತು.

ಶ್ರದ್ಧೆಯನ್ನು ಬಿಡಿ, ಮನೆಯ ಸಂಸ್ಕಾರವನ್ನು ತೊರೆಯಿರಿ, ಪತ್ರಿಕೆ ಓದಬೇಡಿ, ರೇಡ್ಯೋ ಕೇಳಬೇಡಿ ಎಂದು ಯಾರೂ ಹೇಳಲಾರರು. ಅವುಗಳಿಲ್ಲದೆ ಮನುಷ್ಯನ ಮನಸ್ಸು ಬೆಳೆಯುವುದೇ ಇಲ್ಲ. ದೆಮಾಂಜನಿಗೆ ಧೈರ್ಯ ಕೊಟ್ಟದ್ದು ಅವನ ಶ್ರದ್ಧೆಯೇ. ಪಿಕಾರನಿಗೆ ಸುಳ್ಳಾಡಬಾರದೆಂಬ ಹಟ ಬಂದದ್ದು ಅವನ ಸಂಸ್ಕಾರದಿಂದಲೇ. ಸತ್ಯ ಊರೂರಿಗೆ ಮುಟ್ಟಿದ್ದು ಪತ್ರಿಕೆಗಳಿಂದಲೇ. ನಾವು ಮಾಡಬಹುದಾದುದು ಸಣ್ಣ ಕೆಲಸ. ಒಂದು ಸುದ್ದಿ ಕಿವಿಗೆ ಬಿದ್ದೊಡನೆ ಮನಸ್ಸು ತೀರ್ಪು ಕೊಟ್ಟರೆ, ಆಪಾದಿತನ ಹೆಸರು, ಊರು, ಮತ ಬೇರೆಯಾಗಿದ್ದರೂ ಇದೇ ತೀರ್ಪನ್ನು ಕೊಡುತ್ತಿದ್ದೆವೇ ಎಂದು ಕೇಳಿಕೊಳ್ಳಬೇಕು. ನಮ್ಮ ನಂಬಿಕೆಗೆ ಒಪ್ಪುವ ಕಾಗದವನ್ನೇ ಹೆಚ್ಚು ಎಚ್ಚರಿಕೆಯಿಂದ ದೀಪಕ್ಕೆ ಹಿಡಿದು ನೋಡಬೇಕು. ಇಷ್ಟನ್ನು ಮಾಡುವವರು ಅಂದಿನ ಫ್ರಾನ್ಸಿನಲ್ಲಿ ಮೊದಲ ವರ್ಷವೇ ಕೆಲವು ನೂರು ಮಂದಿ ಇದ್ದಿದ್ದರೆ, ಒಬ್ಬ ನಿರಪರಾಧಿ ನಾಲ್ಕು ವರ್ಷಗಳಿಗೂ ಹೆಚ್ಚು ಕಾಲ ಆ ಬಂಡೆಯ ಮೇಲೆ ಒಂಟಿಯಾಗಿ ಕೂಡಬೇಕಾಗುತ್ತಿರಲಿಲ್ಲ.